ಇನ್ನೊಂದು ವಾಯಿದೆ

ಶುಕ್ರವಾರ ಸಂಜೆ ಕಚೇರಿಯ ಮೆಟ್ಟಿಲಿಳಿಯುವಾಗ ಅವನು ಹೇಳಿದ್ದ: "ಸೋಮವಾರ ನಿಮ್ಮ ಹತ್ರ ಒಂದು ಮಾತು ಹೇಳ್ಬೇಕು. ಇಲ್ಲಿ ಬೇಡ, ಹೊರಗೆಲ್ಲಾದ್ರೂ."

ಒಂದು ಮಾತು ಎಂದು ಹೇಳಿ ಹೋಗುವವರಿಗೆ ಅದು ಒಂದೇ ಮಾತು. ಕೇಳಿಸಿಕೊಂಡವರಿಗೆ ಅದರೊಳಗೆ ನೂರು ಮಾತು. ಅವಳು ಎರಡು ದಿನ ಆ ನೂರನ್ನೂ ಒಂದೊಂದಾಗಿ ಬಿಡಿಸಿ ನೋಡಿದಳು.

"ಒಲೆ ಮೇಲೆ ಹಾಲಿಟ್ಟು ಗೋಡೆ ನೋಡ್ಕೊಂಡು ನಗ್ತಿದೀಯಲ್ಲೇ" ಎಂದರು ಅಮ್ಮ. "ಗೋಡೆ ಅಂಥದ್ದೇನು ಹೇಳ್ತು?"

"ಸುಣ್ಣ ಬಳಿಸ್ಬೇಕು ಅಂತು."

ಸೋಮವಾರ ಅವಳು ತಿಳಿ ಹಸಿರು ಬಟ್ಟೆ ತೊಟ್ಟಳು. ಯಾರದಾದರೂ ಮದುವೆಗೆಂದು ತೆಗೆದಿಟ್ಟದ್ದು. ಎದುರು ಮೇಜಿನಲ್ಲಿ ಅವನು ಆಗಲೇ ಬಂದು ಕೂತು, ಒಂದು ಹಳೆಯ ನಕ್ಷೆಯ ಮೇಲೆ ಬಗ್ಗಿದ್ದ. ತಲೆ ಎತ್ತಿದ. ಹಸಿರು ನೋಡಿದ. ಅವನ ಮುಖ ಅರಳುವ ಬದಲು ಸಣ್ಣದಾಯಿತು. ಅದೇಕೆಂದು ಅವಳಿಗೆ ತಿಳಿಯಲಿಲ್ಲ.

ತಿಳಿಸಿದವನು ಕೋರ್ಟಿನ ಜವಾನ. ಊಟದ ಹೊತ್ತಿಗೆ ಮುಂಚೆ ಬಂದು ಒಂದು ಲಕೋಟೆ ಚಾಚಿ, "ಇಲ್ಲೊಂದು ಸಹಿ ಹಾಕಿ ತಾಯಿ" ಎಂದ. ಅವಳು ಬಿಚ್ಚಿ ಓದಿದಳು. ಅರ್ಜಿದಾರರ ಜಾಗದಲ್ಲಿ ಮೊದಲು ಅವನ ಹೆಸರು. ಪ್ರತಿವಾದಿ ಎಂಬಲ್ಲಿ ಇಲಾಖೆ, ಆಮೇಲೆ ಅವಳು. ನಡುವೆ ವಿರುದ್ಧ ಎಂಬ ಒಂದು ಪದ. ಅವರಿಬ್ಬರ ಹೆಸರು ಒಂದೇ ಹಾಳೆಯಲ್ಲಿ ಬರಲಿ ಎಂದು ಅವಳು ದೇವರಲ್ಲಿ ಕೇಳಿದ್ದು ನಿಜ. ಹೀಗೆ ಕೇಳಿರಲಿಲ್ಲ.

"ಆ ಮಾತು ಇದೇನಾ?" ಎಂದಳು ಮೆಲ್ಲಗೆ.

"ಇದೇ. ನನಗಿಂತ ಮುಂಚೆ ಈ ಕಾಗದ ಬರುತ್ತೆ ಅಂತ ಗೊತ್ತಿರ್ಲಿಲ್ಲ."

"ನಾನು ಬೇರೇನೋ ಅಂದ್ಕೊಂಡಿದ್ದೆ."

"ಏನು?"

"ಏನಿಲ್ಲ. ಆ ಸ್ಕೇಲು ಈ ಕಡೆ ಕೊಡಿ."

ಈ ಇಬ್ಬರ ಕಥೆ ಅರ್ಥವಾಗಬೇಕಾದರೆ ಅವರು ಕೆಲಸಕ್ಕೆ ಸೇರಿದ ದಿನಕ್ಕೆ ಹೋಗಬೇಕು. ಅದು ನಕ್ಷೆ ಬರೆಯುವ ಸರ್ಕಾರಿ ಕಚೇರಿ. ಆ ಸಲ ನಕ್ಷೆಗಾರರಾಗಿ ಆಯ್ಕೆಯಾದವರು ಮೂವರು. ಅಂಕಪಟ್ಟಿಯಲ್ಲಿ ಅವನು ಮೊದಲು. ಎರಡನೆಯವರು ಅದೇ ಕಚೇರಿಯಲ್ಲಿ ವರ್ಷಾನುಗಟ್ಟಲೆ ದಿನಗೂಲಿಗೆ ದುಡಿದು, ವಯಸ್ಸಿನ ಮಿತಿ ಮೀರುವ ಅಂಚಿನಲ್ಲಿ ಪರೀಕ್ಷೆ ಪಾಸು ಮಾಡಿದ ಹಿರಿಯರು. ಎಲ್ಲರೂ ಅವರನ್ನು ದೊಡ್ಡಣ್ಣ ಎನ್ನುತ್ತಿದ್ದರು. ಮೂರನೆಯವಳು ಅವಳು.

ಸಾಹೇಬರ ಕೋಣೆಯ ಮುಂದೆ ಮೂವರೂ ಅದೇ ಕ್ರಮದಲ್ಲಿ ಸಾಲಾಗಿ ನಿಂತಿದ್ದರು. ಅವಳು ಇಡೀ ರಾತ್ರಿ ಬಸ್ಸಿನಲ್ಲಿ ಬಂದವಳು, ಆಸ್ಪತ್ರೆಯಲ್ಲಿ ಅಪ್ಪನನ್ನು ಬಿಟ್ಟು ಬಂದವಳು. ಮುಖ ಬಾಡಿ, ಗೋಡೆಗೆ ಒರಗಿದ್ದಳು. ಎಲ್ಲರಿಗಿಂತ ಮುಂದಿದ್ದವನು ತಿರುಗಿ ನೋಡಿದ. ನೋಡಿದವನು ಸ್ವಲ್ಪ ಹೆಚ್ಚೇ ಹೊತ್ತು ನೋಡಿದ. ಆಮೇಲೆ ಪಕ್ಕಕ್ಕೆ ಸರಿದು, "ನೀವು ಮೊದಲು ಹೋಗಿ" ಎಂದ. ಮುಂದಿದ್ದವನೇ ದಾರಿ ಬಿಟ್ಟಮೇಲೆ ನಡುವೆ ನಿಂತ ದೊಡ್ಡಣ್ಣ ಏನು ಮಾಡಿಯಾರು, ಅವರೂ ಸರಿದರು. ಅವಳ ಕಾಗದಕ್ಕೆ ಸಹಿ ಬಿತ್ತು. ಸಾಹೇಬರು ಎದ್ದು, "ನೀವಿಬ್ರು ಊಟ ಆದ್ಮೇಲೆ ಬನ್ನಿ" ಎಂದು ತಪಾಸಣೆಗೆ ಹೊರಟುಹೋದರು.

ಹೀಗೆ ಅವಳು ಸೇರಿದ್ದು ಬೆಳಿಗ್ಗೆ, ಅವರಿಬ್ಬರೂ ಮಧ್ಯಾಹ್ನ. ಟಪಾಲು ಗುಮಾಸ್ತ ಬಾಯಿ ಸುಮ್ಮನಿರದ ಮನುಷ್ಯ, ಅಂದಿನಿಂದ ಅವಳಿಗೆ ಬೆಳಗು ಎಂದೂ ಅವನಿಗೆ ಮಧ್ಯಾಹ್ನ ಎಂದೂ ಹೆಸರಿಟ್ಟ. "ಏನ್ರೀ, ಬೆಳಗು ಇನ್ನೂ ಬಂದಿಲ್ಲ, ಮಧ್ಯಾಹ್ನ ಆಗಲೇ ಬಂದು ಕೂತಿದೆ" ಎಂದು ಇಡೀ ಕಚೇರಿಯನ್ನು ನಗಿಸುತ್ತಿದ್ದ. ಅವರೂ ನಗುತ್ತಿದ್ದರು. ನಗುತ್ತ ನಗುತ್ತ ಎದುರುಬದುರು ಮೇಜಿನಲ್ಲಿ ವರ್ಷಗಳು ಹೋದವು.

ಆಮೇಲೆ ಬಡ್ತಿಗೆಂದು ಹೊಸ ಜ್ಯೇಷ್ಠತಾ ಪಟ್ಟಿ ಬಂತು. ಅದನ್ನು ಮಾಡಿದವರು ಅಂಕ ನೋಡಲಿಲ್ಲ, ಸೇರಿದ ಹೊತ್ತು ನೋಡಿದರು. ಬೆಳಿಗ್ಗೆ ಸೇರಿದವಳು ಮೇಲೆ, ಮಧ್ಯಾಹ್ನ ಸೇರಿದವರು ಕೆಳಗೆ. ಹಿರಿಯ ನಕ್ಷೆಗಾರರ ಹುದ್ದೆ ಇದ್ದದ್ದು ಎರಡು. ಮೊದಲನೆಯದು ಅವಳಿಗೆ ಬಂತು. ಎರಡನೆಯದು ಅವನಿಗೆ ಬರುವುದಿತ್ತು. ದೊಡ್ಡಣ್ಣನಿಗೆ ಏನೂ ಇಲ್ಲ.

ದೊಡ್ಡಣ್ಣ ಜಗಳವಾಡಲಿಲ್ಲ. ಅವನ ಮನೆಗೆ ಬಂದು ನೀರು ಕುಡಿದು, ಲೋಟ ಕೆಳಗಿಟ್ಟು ಹೇಳಿದರು: "ಅವತ್ತು ನೀನು ದಾರಿ ಬಿಟ್ಟೆ, ನಾನೂ ಬಿಟ್ಟೆ. ನಿನಗೇನೂ ಆಗ್ಲಿಲ್ಲ, ನನಗಾಯ್ತು. ನಿನ್ನ ಮುಂದೆ ಇನ್ನೂ ವಯಸ್ಸಿದೆಯಪ್ಪ. ನನ್ನ ಮುಂದೆ ರಿಟೈರ್‌ಮೆಂಟ್ ಇದೆ. ಅಂಕದಲ್ಲಿ ಮೊದಲನೆಯವನು ನೀನು. ನೀನು ಮುಂದೆ ನಿಂತ್ರೆ ಮಾತ್ರ ಕೇಸು ನಿಲ್ಲುತ್ತಂತೆ, ವಕೀಲರು ಹೇಳಿದ್ರು."

ಅವನು ಸಹಿ ಹಾಕಿದ. ಎರಡನೆಯ ಹುದ್ದೆಗೆ ತಡೆಯಾಜ್ಞೆ ಬಂತು. ಕಿಟಕಿಯ ಪಕ್ಕದಲ್ಲಿದ್ದ ಆ ಹುದ್ದೆಯ ಕುರ್ಚಿ ಖಾಲಿ ಉಳಿಯಿತು.

ಇದನ್ನೆಲ್ಲ ಅವಳು ತಿಳಿದದ್ದು ಮೊದಲ ವಿಚಾರಣೆಗೆ ಹೋಗುವ ರೈಲಿನಲ್ಲಿ. ಕೋರ್ಟು ಇದ್ದದ್ದು ದೊಡ್ಡ ಊರಿನಲ್ಲಿ, ಅಲ್ಲಿಗೆ ಹೋಗುವ ಬೆಳಗಿನ ರೈಲು ಒಂದೇ. ಅವಳು ಕಿಟಕಿಗೆ ಮುಖ ಕೊಟ್ಟು ಕೂತಿದ್ದಳು. ಅವನು ಬಂದು ಹತ್ತಿರ ನಿಂತ.

"ಇಲ್ಲಿ ಯಾರಾದ್ರೂ ಬರ್ತಾರಾ?"

"ಅರ್ಜಿದಾರರಿಗೆ ಅಂತ ಇಟ್ಟಿದೀನಿ."

ಅವನು ಅನುಮಾನಿಸುತ್ತ ಕೂತ. ಆಮೇಲೆ ದೊಡ್ಡಣ್ಣ ಮನೆಗೆ ಬಂದದ್ದು, ಲೋಟ ಕೆಳಗಿಟ್ಟದ್ದು ಎಲ್ಲ ಹೇಳಿದ. ನಾಲ್ಕು ಸೀಟು ಹಿಂದೆ ದೊಡ್ಡಣ್ಣ ಮುಖದ ಮೇಲೆ ಟವೆಲ್ ಹಾಕಿಕೊಂಡು ಮಲಗಿದ್ದರು.

"ನೀವು ಗೆದ್ರೆ ನಾನು ಕೆಳಗಿಳೀತೀನಿ, ಗೊತ್ತಲ್ವಾ?" ಎಂದಳು.

"ಗೊತ್ತು."

"ಈ ಕಚೇರಿಲಿ ಕೆಳಗಿನ ಹುದ್ದೆನೂ ಖಾಲಿ ಇಲ್ಲ. ಎಲ್ಲಿಗೋ ಹಾಕ್ತಾರೆ."

"ಅದೂ ಗೊತ್ತು."

"ಎಲ್ಲ ಗೊತ್ತಿದ್ದೂ ಸಹಿ ಹಾಕಿದ್ರಿ."

"ನಿಮ್ಮನ್ನ ಮುಂದೆ ಬಿಟ್ಟಿದ್ದು ನಾನು. ಅದಕ್ಕೆ ಬೆಲೆ ಕೊಟ್ಟಿದ್ದು ಅವರು. ನೀವಾಗಿದ್ರೆ ಏನು ಮಾಡ್ತಿದ್ರಿ?"

ಅವಳು ಹಿಂದಕ್ಕೆ ಓಡುವ ಕಂಬಗಳತ್ತ ತಿರುಗಿದಳು. ಉತ್ತರ ಗೊತ್ತಿತ್ತು. ಆ ಉತ್ತರ ಗೊತ್ತಿದ್ದುದರಿಂದಲೇ ಅವನ ಮೇಲಿನ ಸಿಟ್ಟು ಉಳಿಯಲಿಲ್ಲ, ಇಳಿಜಾರಿನ ನೀರಿನಂತೆ ಎಲ್ಲಿಗೋ ಹರಿದುಹೋಯಿತು.

ಕೋರ್ಟಿನ ಗೇಟಿನ ಹತ್ತಿರ ಇಬ್ಬರೂ ಬೇರೆಯಾದರು. ವಾದಿ ಪ್ರತಿವಾದಿ ಜೊತೆಯಲ್ಲಿ ಕಾಣಿಸಿಕೊಳ್ಳಬಾರದೆಂದು ಎರಡೂ ಕಡೆಯ ವಕೀಲರು ಬಿಗಿಯಾಗಿ ಹೇಳಿದ್ದರು. ಒಳಗೆ ಅವನು ಬಲಗಡೆಯ ಬೆಂಚು, ಅವಳು ಎಡಗಡೆಯದು. ಕೂಗುವವನು ಕೂಗಿದ. ಇಬ್ಬರೂ ಎದ್ದು ನಿಂತರು. ನ್ಯಾಯಾಧೀಶರು ಕನ್ನಡಕ ಏರಿಸಿ, ಕಾಗದ ತಿರುವಿ, ಮುಂದಿನ ತಿಂಗಳ ವಾಯಿದೆ ಕೊಟ್ಟರು. ಇಷ್ಟೇ. ಕಣ್ಣು ಮುಚ್ಚಿ ತೆಗೆಯುವಷ್ಟರಲ್ಲಿ ಮುಗಿಯಿತು.

ಊರಿನವರೆಲ್ಲ ವಾಯಿದೆ ಎಂದರೆ ಹಣೆ ಹಣೆ ಚಚ್ಚಿಕೊಳ್ಳುತ್ತಾರೆ. ಇವರಿಬ್ಬರು ಮಾತ್ರ ಆ ಪದ ಕೇಳಿದಾಗಲೆಲ್ಲ ಮುಖ ತಗ್ಗಿಸಿ ತುಟಿಯಲ್ಲೇ ನಗುತ್ತಿದ್ದರು. ಕಚೇರಿಯಲ್ಲಿ ಮಾತು ನಿಂತುಹೋಗಿತ್ತು. ಎಲ್ಲರ ಕಣ್ಣೂ ಇವರ ಮೇಲೆ, ಯಾರು ಯಾರ ಜೊತೆ ಚಹಾ ಕುಡಿದರು ಎಂಬುದೂ ವಕೀಲರ ಕಿವಿಗೆ ಬೀಳುತ್ತಿತ್ತು. ಉಳಿದದ್ದು ರೈಲೊಂದೇ. ಒಂದು ವಾಯಿದೆ ಬಿದ್ದರೆ ಹೋಗುವಾಗ ಒಂದು ಬೆಳಗು, ಬರುವಾಗ ಒಂದು ಸಂಜೆ.

ಅವಳು ಕಿಟಕಿಯ ಗಾಜಿನಲ್ಲಿ ಅವನನ್ನು ನೋಡುತ್ತಿದ್ದಳು. ಅವನು ಅದನ್ನು ಕಂಡುಹಿಡಿದು, ಗಾಜಿಗೇ ಹುಬ್ಬು ಹಾರಿಸುತ್ತಿದ್ದ. ಅವಳು ಸಟ್ಟನೆ ಹೊರಗಿನ ಹೊಲ ನೋಡುತ್ತಿದ್ದಳು.

"ಆ ಹೊಲದ ಗಡಿ ಸರಿ ಇದೆಯಾ?" ಎನ್ನುತ್ತಿದ್ದ ಅವನು.

"ಓರೆ ಇದೆ. ಯಾರೋ ಮಧ್ಯಾಹ್ನದ ಹೊತ್ತಲ್ಲಿ ಅಳೆದಿರ್ಬೇಕು, ನಿದ್ದೆಗಣ್ಣಲ್ಲಿ."

ಒಂದು ಸಂಜೆ, ಬೋಗಿಯ ದೀಪ ಇನ್ನೂ ಹತ್ತಿರಲಿಲ್ಲ, ಅವನು ಕೇಳಿದ: "ಅವತ್ತು ಸೋಮವಾರ ನೀವು ಬೇರೇನೋ ಅಂದ್ಕೊಂಡಿದ್ರಿ. ಅದು ನಾನು ಅಂದ್ಕೊಂಡಿದ್ದೇ ಆಗಿದ್ರೆ, ಈಗ ಕೇಳ್ಲಾ?"

ಅವಳು ಗಾಜಿನಿಂದ ಮುಖ ತಿರುಗಿಸಿ ಅವನನ್ನೇ ನೋಡಿದಳು. ಮಾತು ಗಟ್ಟಿಯಾಗಿಯೇ ಬಂತು. "ಕೇಸು ಮುಗೀಲಿ. ಈಗ ಆದ್ರೆ, ನೀವು ಗೆದ್ದಾಗ ಹುದ್ದೆ ನೋಡಿ ನಾನು ನಿಮ್ಮನ್ನ ಬುಟ್ಟಿಗೆ ಹಾಕ್ಕೊಂಡೆ ಅಂತಾರೆ. ಸೋತಾಗ ನನಗೋಸ್ಕರ ನೀವು ದೊಡ್ಡಣ್ಣನ್ನ ಮಾರಿದ್ರಿ ಅಂತಾರೆ."

"ಮುಗಿಯೋವರೆಗೆ?"

"ಮುಗಿಯೋವರೆಗೆ ಈ ಸೀಟು ಇದೆಯಲ್ಲ."

ಆ ಸೀಟು ಅವರಿಗೆ ಮನೆಯಾಯಿತು. ಸುಖ ಎಷ್ಟು ಮೆಲ್ಲಗೆ ಮನುಷ್ಯನನ್ನು ಕುರುಡು ಮಾಡುತ್ತದೆಂದರೆ, ನಾಲ್ಕು ಸೀಟು ಹಿಂದೆ ಮಲಗಿದವರ ತಲೆ ಪ್ರತಿ ವಾಯಿದೆಗೂ ಇನ್ನಷ್ಟು ಬೆಳ್ಳಗಾಗುತ್ತಿದ್ದುದು ಅವರಿಗೆ ಕಾಣಲಿಲ್ಲ.

ಕೊನೆಗೊಂದು ದಿನ ಅಂತಿಮ ವಾದಕ್ಕೆ ನಿಗದಿಯಾಯಿತು. ನ್ಯಾಯಾಧೀಶರು ಫೈಲು ಓದಿಕೊಂಡು ಬಂದಿದ್ದರು. ಅವಳ ವಕೀಲರು ಕಿವಿಯ ಹತ್ತಿರ ಬಗ್ಗಿ, "ಇವತ್ತು ಶುರುವಾದ್ರೆ ಇವತ್ತೇ ಮುಗಿಯುತ್ತೆ ಅಮ್ಮ. ಟೈಮ್ ಕೇಳ್ಲಾ?" ಎಂದರು.

ಅವಳು ಬಲಗಡೆಯ ಬೆಂಚು ನೋಡಿದಳು. ಅವನೂ ನೋಡುತ್ತಿದ್ದ. ಇವತ್ತು ಮುಗಿದರೆ ರೈಲಿಲ್ಲ, ಸೀಟಿಲ್ಲ. ಎಲ್ಲಿಗೋ ಒಂದು ವರ್ಗಾವಣೆ. ದೇವರು ಮನುಷ್ಯನನ್ನು ದೊಡ್ಡ ಪರೀಕ್ಷೆಗೆ ದೊಡ್ಡ ಬಾಗಿಲಿನಿಂದ ಕರೆಯುವುದಿಲ್ಲ.

"ಕೇಳಿ ಸರ್" ಎಂದಳು.

ಅವಳ ವಕೀಲರು ಎದ್ದು ಕೇಳಿದರು. ಆಕ್ಷೇಪ ಹೇಳಲು ಎದ್ದ ಎದುರು ವಕೀಲರ ಕರಿ ಕೋಟಿನ ತುದಿಯನ್ನು ಅವನು ಮೆಲ್ಲಗೆ ಹಿಡಿದು ಎಳೆದದ್ದನ್ನು ಅವಳು ಕಂಡಳು. ಅವರು ಕೂತರು. ವಾಯಿದೆ ಸಿಕ್ಕಿತು. ಆ ಸಂಜೆ ರೈಲಿನಲ್ಲಿ ಇಬ್ಬರೂ ಶಾಲೆ ತಪ್ಪಿಸಿದ ಮಕ್ಕಳಂತೆ ನಕ್ಕರು. ಹಿಂದೆ ಟವೆಲ್ ಅಲ್ಲಾಡಲಿಲ್ಲ.

ಮುಂದಿನ ವಾಯಿದೆಗೆ ಹೋದಾಗ ಆ ನ್ಯಾಯಾಧೀಶರಿಗೆ ವರ್ಗವಾಗಿತ್ತು. ಅವರ ಜಾಗಕ್ಕೆ ಯಾರೂ ಬರಲಿಲ್ಲ. ಕೇಸು ಕಪಾಟಿನಲ್ಲಿ ಮಲಗಿತು. ಅದು ಮಲಗಿದ್ದ ಹಾಗೆಯೇ ದೊಡ್ಡಣ್ಣ ನಿವೃತ್ತರಾದರು, ಸೇರಿದ್ದ ಅದೇ ಹುದ್ದೆಯಲ್ಲಿ.

ಬೀಳ್ಕೊಡುಗೆಗೆ ಚಹಾ, ಬಿಸ್ಕತ್ತು, ಒಂದು ಗೋಡೆ ಗಡಿಯಾರ. ದೊಡ್ಡಣ್ಣನ ಹೆಂಡತಿ ಮೊದಲ ಸಲ ಕಚೇರಿ ನೋಡಲು ಬಂದಿದ್ದರು. ಎಲ್ಲವನ್ನೂ ಬೆರಗಿನಿಂದ ನೋಡುತ್ತ ಕಿಟಕಿಯ ಹತ್ತಿರ ನಿಂತು, "ಇದೇನಾ ರೀ ಆ ಕುರ್ಚಿ?" ಎಂದರು.

"ಇದೇ."

"ಒಂದ್ಸಲ ಕೂತ್ಕೊಳ್ಳಿ, ನಾನು ನೋಡ್ತೀನಿ."

"ಕೂರಬಾರದು ಕಣೇ. ತಡೆಯಾಜ್ಞೆ ಇದೆ" ಎಂದರು ದೊಡ್ಡಣ್ಣ. ಟಪಾಲು ಗುಮಾಸ್ತ ಕೂಡ ನಗಲಿಲ್ಲ.

ಆಕೆ ಕುರ್ಚಿಯ ಮೇಲಿನ ಧೂಳನ್ನು ಸೆರಗಿನಲ್ಲಿ ಒರೆಸಿ, ಮುಂದೆ ನಡೆದರು. ಬಿಸ್ಕತ್ತಿನ ತಟ್ಟೆ ಹಿಡಿದು ನಿಂತಿದ್ದವಳು ಅದನ್ನು ನೋಡಿದಳು. ತಟ್ಟೆಯನ್ನು ಮೇಜಿನ ಮೇಲಿಟ್ಟು ನಕ್ಷೆಗಳ ಕೋಣೆಗೆ ಹೋದಳು. ಅಲ್ಲಿ ಉದ್ದನೆಯ ಕಪಾಟುಗಳ ನಡುವೆ ಅವನು ಗೋಡೆಗೆ ಮುಖ ಮಾಡಿ ನಿಂತಿದ್ದ. ಇಬ್ಬರೂ ಒಬ್ಬರನ್ನೊಬ್ಬರು ನೋಡಿಕೊಳ್ಳಲಿಲ್ಲ.

ಹೊಸ ನ್ಯಾಯಾಧೀಶರು ಬಂದಮೇಲೆ ಮತ್ತೆ ರೈಲು ಹತ್ತಬೇಕಾಯಿತು. ಅವಳು ಬೇರೆ ಬೋಗಿ ಹತ್ತಿದಳು. ಕೋರ್ಟಿನ ವರಾಂಡದಲ್ಲಿ ದೊಡ್ಡಣ್ಣ ಊದಿದ ಕಾಲನ್ನು ಬೆಂಚಿನ ಮೇಲಿಟ್ಟು ಕೂತಿದ್ದರು. ನಿವೃತ್ತರಾದರೂ ಒಂದು ವಾಯಿದೆಯನ್ನೂ ಅವರು ತಪ್ಪಿಸಿದವರಲ್ಲ.

ಅವಳ ವಕೀಲರು ಖುಷಿಯಲ್ಲಿದ್ದರು. "ನೋಡಿ, ಆ ಮನುಷ್ಯನ ಆರೋಗ್ಯ ನೆಟ್ಟಗಿಲ್ಲ. ಇನ್ನೆರಡು ಮೂರು ವಾಯಿದೆ ತಳ್ಳಿದ್ರೆ ಇದನ್ನ ಹಟ ಹಿಡಿದು ನಡೆಸೋರೇ ಇರಲ್ಲ, ಕೇಸು ತಾನಾಗೇ ಸಾಯುತ್ತೆ. ನಿಮ್ಮ ಹುದ್ದೆ ನಿಮಗೆ."

"ತಳ್ಳೋದು ಬೇಡ ಸರ್. ಅಂಕದಲ್ಲಿ ಅವರಿಬ್ಬರೂ ನನಗಿಂತ ಮುಂದಿದ್ರು. ಒಪ್ಕೊಂಡುಬಿಡಿ."

"ಒಪ್ಕೊಂಡ್ರೆ ವಾದ ಮಾಡೋಕೆ ಏನು ಉಳಿಯುತ್ತಮ್ಮ?"

"ಏನೂ ಉಳಿಯಲ್ಲ."

ವಕೀಲರು ಅವಳನ್ನು ಹುಚ್ಚಿಯನ್ನು ನೋಡಿದ ಹಾಗೆ ನೋಡಿದರು. ಆಮೇಲೆ ಏನನ್ನಿಸಿತೋ, ಗೌನು ಸರಿಮಾಡಿಕೊಂಡು ಒಳಗೆ ಹೋಗಿ ಹಾಗೆಯೇ ಹೇಳಿದರು.

ತೀರ್ಪು ಬಂತು. ಪಟ್ಟಿ ರದ್ದಾಯಿತು. ಅವಳು ಕೂತಿದ್ದ ಹುದ್ದೆ ಅವನಿಗೆ. ಎರಡನೆಯದು ದೊಡ್ಡಣ್ಣನಿಗೆ, ಹಿಂದಿನ ದಿನಾಂಕದಿಂದ. ಅವರು ನಿವೃತ್ತರಾಗಿದ್ದುದರಿಂದ ಕಾಗದದ ಮೇಲೆ ಮಾತ್ರ. ಅಂಥದ್ದಕ್ಕೆ ಸರ್ಕಾರದಲ್ಲಿ ಕಾಲ್ಪನಿಕ ಬಡ್ತಿ ಎನ್ನುತ್ತಾರೆ. ಪೆನ್ಷನ್ ಹೆಚ್ಚುತ್ತದೆ, ಕುರ್ಚಿ ಸಿಗುವುದಿಲ್ಲ. ಅವಳಿಗೆ ರೈಲು ಹೋಗದ ಒಂದು ಊರು ಸಿಕ್ಕಿತು.

ಮೇಜು ಖಾಲಿ ಮಾಡುವ ದಿನ ಅವನು ಹತ್ತಿರ ಬಂದು ನಿಂತ. ಎಲ್ಲರೂ ನೋಡುತ್ತಿದ್ದರು. ಈಗ ನೋಡಿದರೂ ಕೆಡುವುದೇನೂ ಇರಲಿಲ್ಲ.

"ಕೇಸು ಮುಗೀತು" ಎಂದ.

"ಹೂಂ."

"ಮುಗೀಲಿ ಅಂದಿದ್ರಿ."

ಅವಳು ಪೆನ್ಸಿಲುಗಳನ್ನು ಡಬ್ಬಿಗೆ ಹಾಕುತ್ತಲೇ ಹೇಳಿದಳು: "ನಮ್ಮ ರೈಲಿಗೆ ಟಿಕೆಟ್ ತೆಗೆಸಿದ್ದು ದೊಡ್ಡಣ್ಣ, ಗೊತ್ತಾ? ಅವರ ಸರ್ವೀಸ್ ಸುಟ್ಟು ನಾವು ಚಳಿ ಕಾಯಿಸ್ಕೊಂಡ್ವಿ. ಅದರ ಮೇಲೆ ಹೇಗೆ ಮನೆ ಕಟ್ಟೋದು?"

"ನಾನೂ ಕೋಟು ಎಳೆದಿದ್ದೆ."

"ನೋಡಿದೆ."

ಅವನು ಡಬ್ಬಿಯ ಮುಚ್ಚಳ ಎತ್ತಿಕೊಟ್ಟು ಹೇಳಿದ: "ಅವರಿಗೆ ಹೇಳ್ದೆ ಹೋದ್ರೆ ನಿಮಗೆ ಅಲ್ಲಿ ನಿದ್ದೆ ಬರಲ್ಲ. ನನಗೆ ಇಲ್ಲಿ ಬರಲ್ಲ."

"ಬಸ್ಸಿಗೆ ಹೋಗೋ ದಾರೀಲಿ ಹೋಗ್ತೀನಿ. ನಾನೊಬ್ಳೇ."

"ಒಳಗೆ ಬರಲ್ಲ. ಗೇಟಿನ ಹತ್ರ ಇರ್ತೀನಿ."

ದೊಡ್ಡಣ್ಣನ ಮನೆ ಎರಡು ಕೋಣೆಯದು. ಗೋಡೆಯ ಮೇಲೆ ಕಚೇರಿ ಕೊಟ್ಟ ಗಡಿಯಾರ ನಡೆಯುತ್ತಿತ್ತು. ಅವರು ಮಂಚದ ಮೇಲೆ ದಿಂಬಿಗೊರಗಿ, ಕಾಲಿನ ಕೆಳಗೆ ಇನ್ನೊಂದು ದಿಂಬಿಟ್ಟುಕೊಂಡಿದ್ದರು. "ಬಾಮ್ಮ, ಕೂತ್ಕೋ" ಎಂದರು. ಅವರ ಹೆಂಡತಿ ನೀರು ತಂದುಕೊಟ್ಟು ಅಲ್ಲೇ ಬಾಗಿಲಿಗೊರಗಿ ನಿಂತರು.

ಅವಳು ಕೂರಲಿಲ್ಲ. ನಿಂತೇ ಹೇಳಿದಳು. ಆ ದಿನ ವಕೀಲರು ಕೇಳಿದ್ದು, ತಾನು ಕೇಳಿ ಸರ್ ಅಂದದ್ದು, ಏಕೆ ಅಂದದ್ದು. ಅವನು ಕೋಟು ಎಳೆದ ಮಾತು ಬಿಟ್ಟಳು. ಅದು ಅವನ ಪಾಲಿನದು, ಅವನೇ ಹೇಳಲಿ ಎಂದು.

ಅವರು ಗೋಡೆಯ ಗಡಿಯಾರದತ್ತ ನೋಡಿದರು.

"ಅವನು ಕೋಟು ಎಳೆದಿದ್ದು ಹೇಳ್ಲಿಲ್ವಲ್ಲ" ಎಂದರು ದೊಡ್ಡಣ್ಣ.

ಅವಳು ತಲೆ ಎತ್ತಿದಳು.

"ನಾನು ಅವನ ಹಿಂದಿನ ಬೆಂಚಲ್ಲಿ ಕೂತಿದ್ದೆ ಕಣಮ್ಮ. ರೈಲಲ್ಲೂ ಹಿಂದೆನೇ ಇದ್ದೆ. ಟವೆಲ್ ಹಾಕ್ಕೊಂಡವರೆಲ್ಲ ನಿದ್ದೆ ಮಾಡ್ತಾರೆ ಅಂತ ಯಾರು ಹೇಳಿದ್ರು ನಿಮಗೆ?"

"ಗೊತ್ತಿದ್ದೂ ಸುಮ್ಮನಿದ್ರಾ?"

"ಏನು ಮಾಡ್ಲಿ? ಇಬ್ರನ್ನೂ ಎಬ್ಬಿಸಿ ಬೇರೆ ಬೇರೆ ಬೋಗಿಗೆ ಕಳಿಸ್ಲಾ? ಒಂದು ವಾಯಿದೆಲಿ ಏನಾಗುತ್ತೆ ಅಂದ್ಕೊಂಡೆ. ಜಡ್ಜು ಹೋಗಿಬಿಡ್ತಾರೆ ಅಂತ ನನಗೂ ಗೊತ್ತಿರ್ಲಿಲ್ಲ, ನಿಮಗೂ ಗೊತ್ತಿರ್ಲಿಲ್ಲ." ಅವರು ಕಾಲನ್ನು ಸರಿಸಿ ನೋವಿಗೆ ಮುಖ ಕಿವುಚಿದರು. "ಕ್ಷಮಿಸಿದೆ ಅಂತ ಹೇಳ್ಬೋದು. ಹೇಳಲ್ಲ. ಆ ಕುರ್ಚಿಲಿ ಒಂದು ದಿನ ಕೂತು ಇವಳಿಗೆ ತೋರಿಸ್ಬೇಕು ಅಂತಿತ್ತು. ಪೆನ್ಷನ್ ಬರುತ್ತೆ, ಅದು ಬರಲ್ಲ. ಅದು ನೆನಪಾದಾಗ ಹೊಟ್ಟೆ ಉರಿಯುತ್ತೆ. ಉರೀಲಿ, ನೀನು ನೀರು ಹಾಕೋಕೆ ಬರ್ಬೇಡ."

ಅವಳ ಕಣ್ಣು ತುಂಬಿದವು. ಬಾಗಿಲ ಬಳಿ ನಿಂತಿದ್ದ ಆಕೆ ಮೊದಲ ಸಲ ಬಾಯಿ ಬಿಟ್ಟರು. "ಅವನನ್ನ ಏನು ಮಾಡ್ತೀಯಮ್ಮ?"

"ಬಿಟ್ಟು ಹೋಗ್ತಿದೀನಿ ಅತ್ತಿಗೆ. ಇಷ್ಟೆಲ್ಲ ಆದ್ಮೇಲೆ ನಮಗೆ ಸುಖ ಪಡೋ ಯೋಗ್ಯತೆ ಇಲ್ಲ."

ದೊಡ್ಡಣ್ಣ ನೆಟ್ಟಗೆ ಕೂತರು. ಅವರಿಗೆ ಸಿಟ್ಟು ಬಂದದ್ದನ್ನು ಅವಳು ಇಷ್ಟು ವರ್ಷಗಳಲ್ಲಿ ಕಂಡದ್ದು ಅದೇ ಮೊದಲು.

"ನನ್ನ ಸರ್ವೀಸ್ ತಗೊಂಡ್ರಿ, ಸರಿ. ತಗೊಂಡಿದ್ದನ್ನ ಈಗ ಬೀದಿಗೆಸೆದು ಹೋಗ್ತೀಯಾ? ಅಲ್ಲಿಗೆ ನಾನು ಕಳ್ಕೊಂಡಿದ್ದು ಯಾತಕ್ಕೆ? ಏನಕ್ಕೂ ಇಲ್ವಾ? ನನಗೆ ಸಿಕ್ಕಿದ್ದು ಕಾಲ್ಪನಿಕ ಬಡ್ತಿ ಕಣಮ್ಮ. ಎಲ್ಲ ಮುಗಿದ್ಮೇಲೆ, ಕಾಗದದಲ್ಲಿ. ನಿಮ್ಮ ಮದುವೆನೂ ಹಾಗೇ ಮಾಡ್ಕೋಬೇಡಿ. ಹೋಗು, ಕಿಟಕೀಲಿ ಕಾಣ್ತಿದೆ, ಅವನು ಗೇಟಿನ ಹತ್ರ ಬಿಸಿಲಲ್ಲಿ ನಿಂತಿದಾನೆ. ಒಳಗೆ ಕರೀಬೇಡ, ಇವತ್ತು ನನಗೆ ಅವನ ಮುಖ ನೋಡೋಕಾಗಲ್ಲ. ಇನ್ನೊಂದಿನ ಇಬ್ರೂ ಬನ್ನಿ."

ಅವಳು ಬಗ್ಗಿ ಅವರ ಊದಿದ ಪಾದ ಮುಟ್ಟಿದಳು. ಅವರು ಆಶೀರ್ವಾದದ ಮಾತೇನೂ ಆಡಲಿಲ್ಲ. ಕಾಲನ್ನು ಹಿಂದಕ್ಕೆ ಎಳೆದುಕೊಳ್ಳಲೂ ಇಲ್ಲ.

ಹೊರಗೆ ಅವನು ಅವಳ ಚೀಲವನ್ನು ಎರಡು ಕೈಯಲ್ಲಿ ಹಿಡಿದು ನಿಂತಿದ್ದ. ನೆಲಕ್ಕಿಟ್ಟಿರಲಿಲ್ಲ.

"ಏನಂದ್ರು?"

"ಬೈದ್ರು."

"ನನಗೆ?"

"ನಿಮಗೂ ಇದೆ. ಇನ್ನೊಂದಿನ ಬಂದು ತಗೊಳ್ಳಿ, ಜೊತೇಲಿ ಬರ್ತೀನಿ."

ಅವನಿಗೆ ಮಾತು ಪೂರ್ತಿ ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು. ಅವಳು ಚೀಲದ ಒಂದು ಹಿಡಿ ತನ್ನ ಕೈಗೆ ತೆಗೆದುಕೊಂಡಳು. ಇನ್ನೊಂದು ಅವನ ಕೈಯಲ್ಲೇ ಉಳಿಯಿತು.

"ನಮ್ಮನೆಗೆ ಬರ್ತೀರಾ? ಈಗಲೇ. ಅಮ್ಮನ ಹತ್ರ ಮಾತಾಡ್ಬೇಕು."

"ಬಸ್ಸು?"

"ನಾಳೆ ಹೋಗ್ತೀನಿ."

"ನಾಳೆ ಹೋದ್ರೆ, ನಿಮಗಿಂತ ಮುಂಚೆ ಸೇರಿದವರೆಲ್ಲ ಮೇಲೆ, ನೀವು ಆ ಕಚೇರಿ ಪಟ್ಟಿಲಿ ಎಲ್ಲರಿಗಿಂತ ಕೆಳಗೆ ಬರ್ತೀರ."

"ಬರ್ತೀನಿ ಬಿಡಿ" ಎಂದಳು.

ಬೀದಿಯಲ್ಲಿ ಬಿಸಿಲು ಇಳಿಯುತ್ತಿತ್ತು. ಇಬ್ಬರೂ ಚೀಲವನ್ನು ನಡುವೆ ಹಿಡಿದುಕೊಂಡು ಬಸ್ ನಿಲ್ದಾಣದ ತಿರುವು ದಾಟಿ ನಡೆದರು. ನಗು ಬರಲಿಲ್ಲ. ಒಬ್ಬರ ಹೆಜ್ಜೆಗೆ ಇನ್ನೊಬ್ಬರು ಕಾಯುತ್ತ, ಭಾರವಾದದ್ದನ್ನು ಹೊತ್ತವರು ನಡೆಯುವ ಹಾಗೆ, ನಿಧಾನವಾಗಿ ನಡೆದರು.